ಬಾವಿಯ ತಳದಿಂದ ಬಂದ ಹೂಂ

ನನಗೆ ಫೋನ್ ಮಾಡುವವರಿಗೆಲ್ಲ ಒಂದು ವಿಷಯ ಗೊತ್ತು. ನಾನು ಮಾತಾಡುತ್ತಿರುವಾಗ ಅವರು ನಡುನಡುವೆ ಹೂಂ ಅನ್ನುತ್ತಿರಬೇಕು. ಅನ್ನದಿದ್ದರೆ ಅರ್ಧ ಮಾತಿಗೇ ನಿಲ್ಲಿಸಿ "ಇದೀಯಾ?" ಅಂತ ಕೇಳುತ್ತೇನೆ. "ಇದೀನಿ, ಹೇಳಿ" ಅಂದ ಮೇಲೇ ಮುಂದಕ್ಕೆ. ಒಮ್ಮೆ ಗ್ಯಾಸ್ ಬುಕ್ ಮಾಡುವಾಗ, ಒಂದನ್ನು ಒತ್ತಿ ಎರಡನ್ನು ಒತ್ತಿ ಅನ್ನುವ ಆ ಯಂತ್ರದ ಹೆಂಗಸನ್ನೂ "ಇದೀಯೇನಮ್ಮ?" ಅಂತ ವಿಚಾರಿಸಿಬಿಟ್ಟೆ. ಪಕ್ಕದಲ್ಲಿದ್ದ ಮೊಮ್ಮಗಳು ನಕ್ಕು ನಕ್ಕು ಸೋಫಾದ ಮೇಲೆ ಉರುಳಿದಳು.

ಕಥೆ ಕೇಳುವವರು ಹೂಂಗುಟ್ಟಬೇಕು ಅನ್ನುವುದು ನಮ್ಮ ಕಡೆ ಎಲ್ಲ ಅಜ್ಜಿಯರ ನಿಯಮವೇ. ಆದರೆ ನನಗೆ ಇದು ಅಂಟಿದ್ದು ಅಜ್ಜಿಯಿಂದಲ್ಲ. ಆಕಾಶದಲ್ಲಿ ಹಾರುವ ಹಡಗಿನ ಒಂದು ಕಥೆಯಿಂದ ಅಂದರೆ ನೀವು ನಂಬಲಿಕ್ಕಿಲ್ಲ. ಮೊಮ್ಮಗಳೂ ನಂಬಿರಲಿಲ್ಲ. ಕಥೆಯನ್ನು ನನಗೆ ನೆನಪಿದ್ದಂತೆ ಹೇಳಿದೆ. ಅವಳು ಕಣ್ಣರಳಿಸಿ, "ಅಜ್ಜಿ, ಅದು ಬಹಳ ದೊಡ್ಡ ಕಥೆ. ಅಂಥ ಕಥೆ ಬರೆಯೋರೆಲ್ಲ ಓದೇ ಇರ್ತಾರೆ" ಅಂದಳು. ಬರೆದವರ ಹೆಸರನ್ನೂ ಹೇಳಿದಳು. ನನ್ನ ನಾಲಿಗೆ ಅದಕ್ಕೆ ಹೊರಳಲಿಲ್ಲ. ಅರ್ಧ ಗಂಟೆಯಲ್ಲಿ ಮರೆತೂ ಹೋಯಿತು. ವಿಜ್ಞಾನ, ಬ್ರಹ್ಮಾಂಡ, ಮನುಷ್ಯನ ಒಂಟಿತನ ಅಂತ ಏನೇನೋ ವಿವರಿಸಿದಳು. ನಾನು ಹೂಂ ಅನ್ನುತ್ತಾ ಹೋದೆ. ನನ್ನ ಮಟ್ಟಿಗೆ ಅದು ಯಾವತ್ತೂ ಒಂದು ಬಾವಿಯ ಕಥೆ.

ನನ್ನ ತವರು ಶನಿವಾರಸಂತೆ. ಅಪ್ಪ ಶಾಲೆಯ ಮೇಷ್ಟರು, ಹಾಗಾಗಿ ಓದುವ ಚಟ ಸಣ್ಣದರಿಂದಲೇ ಹತ್ತಿತ್ತು. ಮದುವೆಯಾಗಿ ಬಂದದ್ದು ಹಾರಂಗಿ ದಂಡೆಯ ಒಂದು ಒಕ್ಕಲು ಮನೆಗೆ. ಅರಕಲಗೂಡು ಕಡೆಯಿಂದ ಬಂದು ನೆಲೆನಿಂತವರು. ರಾಗಿ, ಒಂದಿಷ್ಟು ಭತ್ತ, ಎರಡು ಜೊತೆ ಎತ್ತು. ಆಗ ಕೊಡಗು ಬೇರೆಯೇ ರಾಜ್ಯ. ಕುಶಾಲನಗರದ ಸೇತುವೆ ದಾಟಿದರೆ ಮೈಸೂರು ಸೀಮೆ. ಹಾರಂಗಿ ಅಂದರೆ ಬರೀ ಹೊಳೆ, ಅಣೆಕಟ್ಟಿನ ಸುದ್ದಿ ಇನ್ನೂ ಯಾರ ಬಾಯಲ್ಲೂ ಇರಲಿಲ್ಲ.

ಮನೆಯಲ್ಲಿದ್ದವರು ಮಾವ, ಅತ್ತೆ, ನಮ್ಮನೆಯವರು ಮತ್ತು ನಾನು. ಮಾವ ನಂಜೇಗೌಡರು ಎತ್ತರದ ಆಳು, ಮಾತು ಕಡಿಮೆ, ಸಿಟ್ಟು ಹೆಚ್ಚು. ಸೊಸೆಯಾದವಳು ಮಾವನ ಎದುರು ನಿಂತು ಮಾತಾಡುವ ಪದ್ಧತಿ ಆಗ ಇರಲಿಲ್ಲ. "ಊಟಕ್ಕೆ ಏಳಬೇಕಂತೆ ಅಂತ ಹೇಳಿ" ಅಂತ ನಾನು ಬಾಗಿಲ ಹಿಂದಿನಿಂದ ಅತ್ತೆಗೆ ಹೇಳುವುದು. ಎರಡು ಮಾರು ದೂರದಲ್ಲಿ ಕೂತು ಅದನ್ನು ಆಗಲೇ ಕೇಳಿಸಿಕೊಂಡ ಮಾವನಿಗೆ ಅತ್ತೆ ಇನ್ನೊಮ್ಮೆ ಹೇಳುವುದು. ಹೀಗೇ ಎರಡು ವರ್ಷ ನಡೆದಿತ್ತು.

ಮೈಸೂರಿನಲ್ಲಿ ಅಚ್ಚಿನ ಕೆಲಸಕ್ಕಿದ್ದ ನನ್ನ ಅಣ್ಣ ಹಳೆಯ ಮಾಸಪತ್ರಿಕೆಗಳನ್ನು ಕಟ್ಟಿ, ಬಸ್ಸಿನವರ ಕೈಲಿ ಕಳಿಸುತ್ತಿದ್ದ. ಮಾವನಿಗೆ ಅವುಗಳನ್ನು ಕಂಡರೆ ಆಗುತ್ತಿರಲಿಲ್ಲ. "ಒಲೆ ಮುಂದೆ ಪುಸ್ತಕ ಹಿಡ್ಕೊಂಡ್ರೆ ಸಾರು ಸೀಯ್ದೆ ಇನ್ನೇನಾಯ್ತದೆ" ಅಂತ ಗೋಡೆಗೆ ಹೇಳುತ್ತಿದ್ದರು. ಸಾರು ಸೀದದ್ದೂ ಉಂಟು, ಸುಳ್ಳು ಯಾಕೆ ಹೇಳಲಿ. ಒಂದು ದಿನ ಒಂದು ಸಂಚಿಕೆಯ ಒಂದು ಹಾಳೆ ಕಾಣೆಯಾಯಿತು. ಆ ಕಥೆ ಶುರುವಾಗುವ ಹಾಳೆ ಅದೇ. ಕಥೆಯ ಹೆಸರು, ಬರೆದವರ ಹೆಸರು, ಕನ್ನಡಕ್ಕೆ ತಂದವರ ಹೆಸರು ಎಲ್ಲ ಅದರಲ್ಲಿದ್ದವು. ಮಾವನ ಸೊಂಟದ ಪಂಚೆಯಲ್ಲಿ ಹೊಗೆಸೊಪ್ಪಿನ ಪೊಟ್ಟಣವೊಂದು ಕಂಡಿತು, ಅದರ ಮೇಲೆ ಅಚ್ಚಿನ ಅಕ್ಷರ. ಕೇಳುವವರು ಯಾರು. ಉಳಿದದ್ದನ್ನೇ ಓದಿದೆ, ಒಂದು ಸಲವಲ್ಲ, ಎಷ್ಟೋ ಸಲ.

ಕಥೆ ಇಷ್ಟೇ. ಒಂದು ಆಕಾಶದ ಹಡಗು ಎಲ್ಲೋ ದೂರದ ಗೋಳವೊಂದನ್ನು ಸುತ್ತುತ್ತಿದೆ. ಅದರಿಂದ ಕೆಳಗಿಳಿದವನೊಬ್ಬ ನೆಲದ ಬಿರುಕಿನಲ್ಲಿ ಬಿದ್ದು ಸಿಕ್ಕಿಕೊಳ್ಳುತ್ತಾನೆ. ಅವನನ್ನು ಎತ್ತಬೇಕಾದ ಸಣ್ಣ ವಾಹನ ಕೆಟ್ಟಿದೆ. ಅದು ರಿಪೇರಿಯಾಗುವವರೆಗೆ ಹಡಗಿನ ರೇಡಿಯೋದವನು ಅವನೊಂದಿಗೆ ಮಾತಾಡುತ್ತಾ ಕೂರುತ್ತಾನೆ. ಹಡಗು ಗೋಳದ ಆ ಬದಿಗೆ ಹೋದಾಗ ಮಾತು ಕಡಿಯುತ್ತದೆ, ಈ ಬದಿಗೆ ಬಂದಾಗ ಮತ್ತೆ ಸಿಗುತ್ತದೆ. ಒಂದು ಸುತ್ತಿನಲ್ಲಿ ಕೆಳಗಿನಿಂದ ಉತ್ತರ ಬರುವುದಿಲ್ಲ. ಹಡಗು ಊರಿಗೆ ಹೊರಡಲೇಬೇಕಾಗುತ್ತದೆ. ರೇಡಿಯೋದವನು ಮಾತ್ರ, ಕೇಳುವವರು ಯಾರೂ ಇಲ್ಲದಿದ್ದರೂ, ದಾರಿಯುದ್ದಕ್ಕೂ ಮಾತಾಡುತ್ತಲೇ ಇರುತ್ತಾನೆ.

ಆ ಬೇಸಿಗೆ ನಮ್ಮ ಮನೆಯ ಹಿಂದೆ ಬಾವಿ ತೋಡಿಸುತ್ತಿದ್ದರು. ಹೊಳೆ ಕಣ್ಣಿಗೆ ಕಾಣುತ್ತಿತ್ತು, ಆದರೆ ಅಲ್ಲಿಂದ ಏರು ಹತ್ತಿ ನೀರು ಹೊರುವುದರಲ್ಲಿ ಅತ್ತೆಯ ಸೊಂಟ ಹೋಗಿತ್ತು. ತೋಡುವವರು ಮಲಯಾಳ ಸೀಮೆಯ ಮೊಯ್ದು ಕಾಕ. ಮೂರಾಳು ಆಳ ಹೋಗಿ ಒರತೆ ಕಂಡಿತ್ತು. ತಳದಲ್ಲಿ ಮರಳು ಮಣ್ಣು ಸಿಕ್ಕಿದ್ದರಿಂದ, "ಹಲಗೆ ಕಟ್ಟದೆ ಇನ್ನು ಇಳೀಬೇಡಿ ಗೌಡ್ರೆ" ಅಂತ ಹೇಳಿ ಅವರು ಶುಕ್ರವಾರದ ನಮಾಜಿಗೆ ಹೋಗಿದ್ದರು. ಹಿಂದಿನ ಸಂಜೆ ಅಡ್ಡಮಳೆ ಬೇರೆ ಬಂದಿತ್ತು.

ಒರತೆ ಎಷ್ಟು ಏರಿದೆ ನೋಡುವ ಆತುರ ಮಾವನಿಗೆ. ಯಾರಿಗೂ ಹೇಳದೆ ಹಗ್ಗ ಹಿಡಿದು ಇಳಿದುಬಿಟ್ಟರು.

ನಾನು ಹಿತ್ತಿಲಲ್ಲಿ ಪಾತ್ರೆ ತಿಕ್ಕುತ್ತಿದ್ದೆ. ರಾಗಿ ಮೂಟೆ ಅಟ್ಟದಿಂದ ಬಿದ್ದಂಥ ಸದ್ದು ಬಂತು. ಓಡಿಹೋಗಿ ನೋಡಿದರೆ ಬಾವಿಯ ಒಂದು ಪಕ್ಕ ಇಲ್ಲವೇ ಇಲ್ಲ. ಕೆಳಗೆ ಕೆಂಪು ಮಣ್ಣು, ಅದರ ನಡುವೆ ಮಾವನ ತಲೆವಸ್ತ್ರ, ಮುಖ, ಒಂದು ಕೈ. ಎದೆಯವರೆಗೆ ಹೂತುಹೋಗಿದ್ದರು. ಕೂಗಲು ಉಸಿರು ಸಾಲದೆ ಬಾಯಿ ಮಾತ್ರ ತೆರೆಯುತ್ತಿತ್ತು.

ನಮ್ಮನೆಯವರು ಹೊಲದಿಂದ ಬಂದವರೇ ಇಳಿಯಲು ಹೊರಟರು. ಅಷ್ಟರಲ್ಲಿ ದಾರಿಯಲ್ಲೇ ಸುದ್ದಿ ಕೇಳಿ ಓಡಿಬಂದಿದ್ದ ಮೊಯ್ದು ಕಾಕ ಅವರ ರಟ್ಟೆ ಹಿಡಿದು ಹಿಂದಕ್ಕೆಳೆದರು.

"ಇಳಿದ್ರೆ ಇಬ್ರೂ ಹೋಗ್ತೀರಿ. ಈ ಪಕ್ಕಾನೂ ಬಿರುಕು ಬಿಟ್ಟಿದೆ, ನೋಡಿ. ಹಲಗೆ ಬೇಕು, ಜಾಸ್ತಿ ಬೇಕು. ಮರದ ಡಿಪೋಗೆ ಗಾಡಿ ಕಟ್ಟಿ."

ಗಾಡಿ ಕುಶಾಲನಗರಕ್ಕೆ ಹೋಗಿ ಬರುವವರೆಗೆ ಕಾಯಬೇಕಿತ್ತು. ನಮ್ಮನೆಯವರು ಎತ್ತುಗಳನ್ನು ಓಡಿಸಿಕೊಂಡು ಹೋದರು. ಊರವರು ಸೇರಿದರು. ಮೊಯ್ದು ಕಾಕ ಅವರನ್ನೆಲ್ಲ ದೂರ ತಳ್ಳಿ ನಿಲ್ಲಿಸಿದರು. ಅಂಚಿನ ಮೇಲೆ ಭಾರ ಬಿದ್ದರೆ ಉಳಿದ ಮಣ್ಣೂ ಕುಸಿಯುತ್ತದೆ ಅಂತ. ಅತ್ತೆ ಮಾತ್ರ ಅಂಚಿಗೆ ಹೋಗಿ ಎದೆ ಬಡಿದುಕೊಂಡು ಅಳತೊಡಗಿದರು. ಆ ಅಳು ಕೇಳಿ ಮಾವ ಕೆಳಗೆ ಕೊಸರಾಡಿದರು. ಕೊಸರಾಡಿದಷ್ಟೂ ಮಣ್ಣು ಜಾರಿ ಭುಜದ ಹತ್ತಿರ ಬಂತು. ಮೊಯ್ದು ಕಾಕ ಅತ್ತೆಯನ್ನು ಎಬ್ಬಿಸಿ ಕಳಿಸಿ ನನ್ನ ಕಡೆ ತಿರುಗಿದರು.

"ಅಮ್ಮ, ಇಲ್ಲಿರೋರಲ್ಲಿ ನೀವೇ ಹಗುರ. ಬಾಗ್ಲು ಹಾಸ್ತೀನಿ, ಅದರ ಮೇಲೆ ಮಲಗಿ ಅವರ ಹತ್ರ ಮಾತಾಡ್ತಾ ಇರಿ. ಅವರು ಅಲುಗಾಡಬಾರದು. ಉರಂಗಬಾರದು." ನಿದ್ದೆಗೆ ಅವರು ಉರಕ್ಕ ಅಂತಲೇ ಅನ್ನುತ್ತಿದ್ದರು. "ಉರಂಗಿದ್ರೆ ಮತ್ತೆ ಏಳಲ್ಲ."

ನಾನು ಅತ್ತೆಯ ಮುಖ ನೋಡಿದೆ. ಇಂಥ ಹೊತ್ತಿನಲ್ಲೂ ನನಗೆ ಹೊಳೆದದ್ದು ಮಾವನ ಜೊತೆ ಮಾತಾಡುವುದು ಹೇಗೆ ಅನ್ನುವುದೇ. ಅತ್ತೆ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡೇ ಹೋಗು ಅಂತ ತಲೆ ಆಡಿಸಿದರು.

ಕೊಟ್ಟಿಗೆಯ ಬಾಗಿಲು ಕಿತ್ತು ತಂದು, ಗಟ್ಟಿ ಇದ್ದ ಬದಿಯಿಂದ ಬಾವಿಯ ಬಾಯಿಗೆ ಚಾಚಿ ಹಾಸಿದರು. ನನ್ನ ಸೊಂಟಕ್ಕೆ ಹಗ್ಗ ಬಿಗಿದು ಹಲಸಿನ ಮರಕ್ಕೆ ಕಟ್ಟಿದರು. ಬೋರಲು ಮಲಗಿ ತೆವಳಿಕೊಂಡು ಹೋಗಿ ತಲೆ ಹೊರಗೆ ಚಾಚಿದೆ. ತಣ್ಣನೆಯ ಮಣ್ಣಿನ ವಾಸನೆ ಮುಖಕ್ಕೆ ಬಡಿಯಿತು.

"ಮಾವ."

"ಯಾರು?"

"ನಾನು."

"ನಾನು ಅಂದ್ರೆ ಯಾರು?"

ಎರಡು ವರ್ಷ ಒಂದೇ ಸೂರಿನಡಿ ಇದ್ದೂ, ಬಾಗಿಲ ಹಿಂದಿನ ಪಿಸುಮಾತಷ್ಟೇ ಕೇಳಿದ್ದ ಅವರಿಗೆ ನನ್ನ ಗಟ್ಟಿ ದನಿ ಗುರುತಿರಲಿಲ್ಲ. "ನಿಮ್ಮ ಸೊಸೆ ಮಾವ" ಅಂದೆ.

"ಗಂಡಸ್ರು ಯಾರೂ ಇಲ್ವಾ ಮೇಲೆ?"

"ಇದಾರೆ. ಅವರೆಲ್ಲ ಭಾರ."

ಹಿಂದೆ ಯಾರೋ ಕಿಸಕ್ಕನೆ ನಕ್ಕು ಬಾಯಿ ಮುಚ್ಚಿಕೊಂಡರು. ನಾನು ತಮಾಷೆಗೆ ಹೇಳಿರಲಿಲ್ಲ.

ಏನು ಮಾತಾಡುವುದು. ಗಾಡಿ ಹೋಗಿದೆ, ಹಲಗೆ ಬರುತ್ತದೆ ಅಂದೆ. ಕೆಂದ ಹಸು ಬೆಳಗ್ಗೆ ಹಾಲು ಕಡಿಮೆ ಕೊಟ್ಟಿತು ಅಂದೆ. ಉಪ್ಪಿನಕಾಯಿಗೆ ಈ ಸಲ ಮಿಡಿ ಸಾಲದು ಅಂದೆ. ನನ್ನ ಲೋಕವೆಲ್ಲ ಅಷ್ಟು ಬೇಗ ಮುಗಿದುಹೋಗುತ್ತದೆ ಅಂತ ನನಗೇ ಗೊತ್ತಿರಲಿಲ್ಲ. ಮಾವನ ಉತ್ತರಗಳು ಗಿಡ್ಡವಾಗುತ್ತಾ ಬಂದವು. ಕಾಲು ತಣ್ಣಗಾಗಿ ಇದೆಯೋ ಇಲ್ಲವೋ ಗೊತ್ತಾಗುತ್ತಿಲ್ಲ ಅಂದರು. ಆಮೇಲೆ ತಲೆ ಒಂದು ಪಕ್ಕಕ್ಕೆ ವಾಲಿತು. ಮೊಯ್ದು ಕಾಕ ಹಿಂದಿನಿಂದ, "ಅಮ್ಮ, ಬಿಡಬೇಡಿ" ಅಂದರು.

ಬಾಯಿಗೆ ಬಂದದ್ದು ಆ ಕಥೆ. ಬೇಕಂತ ಆರಿಸಿದ್ದಲ್ಲ. ಅಷ್ಟು ಸಲ ಓದಿದ್ದರಿಂದ ನಾಲಿಗೆಯ ತುದಿಯಲ್ಲೇ ಇತ್ತು.

"ಮಾವ, ಒಂದು ಕಥೆ ಹೇಳ್ತೀನಿ. ಹೂಂ ಅನ್ನಿ."

ನಾನು ಕತ್ತನ್ನು ಇನ್ನಷ್ಟು ಕೆಳಕ್ಕೆ ಚಾಚಿದೆ.

"ಹೂಂ ಅನ್ನದಿದ್ರೆ ಹೇಳಲ್ಲ."

"...ಹೂಂ."

ಆಕಾಶದ ಹಡಗು ಶುರುವಾಯಿತು. ಆ ಮನುಷ್ಯ ಬಿರುಕಿಗೆ ಬಿದ್ದನೋ ಇಲ್ಲವೋ, ಮಾವ ತಕರಾರು ತೆಗೆದರು.

"ಅವ್ನು ಅಲ್ಲಿಗ್ಯಾಕೆ ಹೋದ?"

"ಅಲ್ಲಿ ಏನಿದೆ ಅಂತ ನೋಡೋಕೆ."

"ಊರಲ್ಲಿ ಗೇಯ್ಮೆ ಇರ್ಲಿಲ್ವಾ ಅವ್ನಿಗೆ?"

"ನೀವು ಯಾಕೆ ಇಳಿದಿರಿ ಮಾವ?" ಅಂತ ಕೇಳಿಬಿಟ್ಟೆ. ಬಯ್ಗುಳ ಬರುತ್ತದೆ ಅಂತ ಕಾದೆ. "ಹೂಂ. ಮುಂದಕ್ಕೆ ಹೇಳು" ಅಂದರು.

ಆ ಮನುಷ್ಯನಿಗೆ ಹೆಂಡತಿ ಮಕ್ಕಳಿದ್ದಾರೋ, ಅಲ್ಲಿ ಏನು ಉಣ್ಣುತ್ತಾನೆ, ಹಡಗು ಬೀಳದೆ ಹೇಗೆ ನಿಲ್ಲುತ್ತದೆ, ಎಲ್ಲ ಕೇಳಿದರು. ಪತ್ರಿಕೆಯಲ್ಲಿ ಇಲ್ಲದ್ದನ್ನೆಲ್ಲ ನಾನು ಹೊಸೆದೆ. ಅವನಿಗೆ ಇಬ್ಬರು ಹೆಣ್ಣುಮಕ್ಕಳನ್ನು ಕೊಟ್ಟೆ, ಮೂರೆಕರೆ ಗದ್ದೆ ಕೊಟ್ಟೆ. ಗದ್ದೆಗೆ ನೀರು ಎಲ್ಲಿಂದ ಅಂತ ಮಾವ ಕೇಳಿದಾಗ ಒಂದು ತೋಡನ್ನೂ ಹರಿಸಿದೆ. ಕಥೆ ಉದ್ದವಾದಷ್ಟೂ ಒಳ್ಳೆಯದು ಅನ್ನುವುದು ಆ ಹೊತ್ತಿಗೆ ನನಗೆ ಅರ್ಥವಾಗಿತ್ತು. ಯಾಕೆಂದರೆ ಅದರ ಕೊನೆ ನನಗೆ ಗೊತ್ತಿತ್ತು.

ಇಷ್ಟರಲ್ಲಿ ಹಲಗೆಯ ಗಾಡಿ ಬಂತು. ಮೊಯ್ದು ಕಾಕ ಹಗ್ಗದಲ್ಲಿ ಇಳಿದು ಮೇಲಿನಿಂದ ಒಂದೊಂದೇ ಹಲಗೆ ಆನಿಸಿ, ಅಡ್ಡ ಮರ ಬಿಗಿಯುತ್ತಾ ಕೆಳಕ್ಕೆ ಸಾಗಿದರು. ಸುತ್ತಿಗೆ ಜೋರಾಗಿ ಹೊಡೆಯುವಂತಿಲ್ಲ. ಒಂದೊಂದು ಹಲಗೆ ನಿಲ್ಲಿಸಲೂ ಬಹಳ ಹೊತ್ತು ಹಿಡಿಯುತ್ತಿತ್ತು. ಸೋಮವಾರಪೇಟೆ ಕಡೆ ಆಕಾಶ ಕಪ್ಪಾಯಿತು, ಗುಡುಗಿತು. ಮಳೆ ಬಂದರೆ ಮುಗಿಯಿತು ಅಂತ ಯಾರೂ ಬಾಯಿಬಿಟ್ಟು ಹೇಳಲಿಲ್ಲ. ಎಲ್ಲರ ಮುಖವೂ ಮೇಲಕ್ಕಿತ್ತು. ನನ್ನದೊಂದು ಕೆಳಕ್ಕೆ.

ಕಥೆಯಲ್ಲಿ ಹಡಗು ಗೋಳದ ಆ ಬದಿಗೆ ಹೋಗಿತ್ತು. ಮುಂದಿನ ಸುತ್ತಿನಲ್ಲಿ ಉತ್ತರ ಬರಬಾರದು.

"ಅವ್ನು ಸಾಯ್ತಾನೆ, ಅಲ್ವಾ?" ಅಂತ ಮಾವ ಕೇಳಿದರು. ದನಿ ಮೆತ್ತಗಿತ್ತು.

"ನಾನಿನ್ನೂ ಅಲ್ಲಿಗೆ ಬಂದಿಲ್ಲ ಮಾವ."

"ಹೂಂ."

ಆಗಲೇ ಹಲಗೆ ಕಟ್ಟದ ಬದಿಯಿಂದ ಇನ್ನೊಂದು ಹೆಂಟೆ ಮಣ್ಣು ಕಳಚಿ ಬಿತ್ತು. ಮೊಯ್ದು ಕಾಕ ಹಲಗೆಗೆ ಅಂಟಿಕೊಂಡು ನಿಂತರು. ದೂಳು, ಕತ್ತಲು. ಮಾವನ ತಲೆವಸ್ತ್ರ ಕಾಣಲಿಲ್ಲ. "ಮಾವ" ಅಂದೆ. "ಮಾವ, ಹೂಂ ಅನ್ನಿ" ಅಂದೆ. ಏನೂ ಇಲ್ಲ. ಹಿಂದಿನಿಂದ ನನ್ನ ಹಗ್ಗ ಎಳೆಯತೊಡಗಿದರು. ನಾನು ಬಾಗಿಲಿನ ಚಿಲಕವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡೆ.

ಆಮೇಲೆ ನಾನು ಏನೇನು ಮಾತಾಡಿದೆನೋ ಪೂರ್ತಿ ನೆನಪಿಲ್ಲ. ಉತ್ತರ ಬಾರದಿದ್ದರೂ ಮಾತು ನಿಲ್ಲಿಸಬಾರದು, ಅಷ್ಟೇ ತಲೆಯಲ್ಲಿದ್ದದ್ದು. ಮೂರು ಗಂಟು ಬಿದ್ದ ದಿನದಿಂದ ನುಂಗಿಕೊಂಡಿದ್ದೆಲ್ಲ ಹೊರಗೆ ಬಂತು. ಸಾರು ಸೀದದ್ದು ಒಂದೇ ಸಲ ಅಂದೆ. ತವರಿಗೆ ಹೋಗದೆ ವರ್ಷವಾಯಿತು ಅಂದೆ. ಆ ಹೊತ್ತಿಗೆ ಭಯ ಹೋಗಿ ಸಿಟ್ಟು ಬಂದಿರಬೇಕು, "ಈ ಕಥೆಯ ಮೊದಲ್ನೇ ಹಾಳೆ ಹರಿದೋರು ನೀವೇ ಅಂತ ನಂಗೊತ್ತು ಮಾವ" ಅಂದೆ. ಊರೆಲ್ಲ ಕೇಳುತ್ತಿತ್ತು.

ಕೆಳಗೆ ಕೆಮ್ಮು. ಮಣ್ಣು ಉಗುಳಿದ ಸದ್ದು.

"ಹೂಂ. ಹೊಗೆಸೊಪ್ಪಿಗೆ."

ಮೊಯ್ದು ಕಾಕ "ಪಡಚ್ಚೋನೆ" ಅಂತ ತಮ್ಮ ದೇವರನ್ನು ನೆನೆದದ್ದು ನನಗೆ ಕೇಳಿಸಿತು. ಅವರು ಮಾವನ ಕತ್ತಿನವರೆಗೆ ಬಂದಿದ್ದ ಮಣ್ಣನ್ನು ಕೈಯಲ್ಲೇ ಬಾಚಿ ಬುಟ್ಟಿಗೆ ತುಂಬತೊಡಗಿದರು. ಮಳೆ ನಾಲ್ಕು ಹನಿ ಉದುರಿಸಿ, ಸೇತುವೆಯಾಚೆ ಮೈಸೂರು ರಾಜ್ಯಕ್ಕೆ ಹೋಯಿತು. ಕಂಕುಳಿಗೆ ಹಗ್ಗ ಹಾಕಿ ಮಾವನನ್ನು ಮೇಲೆತ್ತಿದಾಗ ಸಂಜೆ. ಬಲಗಾಲು ಮುರಿದಿತ್ತು. ಉಳಿದಂತೆ ಜೀವ ಇತ್ತು. ನನ್ನ ಕೈಯನ್ನು ಚಿಲಕದಿಂದ ಬಿಡಿಸಲು ನಮ್ಮನೆಯವರೇ ಬರಬೇಕಾಯಿತು.

ನೀವು ನಗಬೇಡಿ, ಆ ಕಥೆ ಆಮೇಲೂ ನನ್ನ ಬೆನ್ನು ಬಿಡಲಿಲ್ಲ. ಹಿರಿಯ ಮಗನಿಗೆ ಟೈಫಾಯಿಡ್ ಬಂದು ಮೈಮೇಲೆ ಎಚ್ಚರವಿಲ್ಲದೆ ಮಲಗಿದ್ದಾಗ, ಮಡಿಕೇರಿಯ ಆಸ್ಪತ್ರೆಯಲ್ಲಿ ನಾನು ಅವನ ಹತ್ತಿರ ಒಂದೇ ಸಮನೆ ಮಾತಾಡಿದೆ. ನರ್ಸಮ್ಮ ಗದರಿದರು, ಪಕ್ಕದ ಮಂಚದವರು ಬೇಡಿಕೊಂಡರು. ಮಗ ಎಚ್ಚರವಾದವನು ಮೊದಲು ಅಂದದ್ದು, "ಅಮ್ಮ, ಸ್ವಲ್ಪ ಸುಮ್ನಿರು." ಹುಡುಗಿಯರಿಗೆ ಗಂಡು ನೋಡುವಾಗಲೂ ಅಷ್ಟೆ. ಸಂಬಳ ಕೇಳುವ ಮುಂಚೆ, ಹುಡುಗ ಎದುರಿನವರ ಮಾತಿಗೆ ಹೂಂ ಅನ್ನುತ್ತಾನೋ ಇಲ್ಲವೋ ನೋಡುತ್ತಿದ್ದೆ. ಒಬ್ಬ ಡಾಕ್ಟರು ಹುಡುಗನನ್ನು ಆ ಕಾರಣಕ್ಕೇ ಬೇಡ ಅಂದೆ. ಮಗಳು ಇವತ್ತಿಗೂ ಅದನ್ನು ಎತ್ತಿ ಆಡುತ್ತಾಳೆ.

ಮಾವನ ವಿಷಯ ಅರ್ಧಕ್ಕೇ ಬಿಟ್ಟೆ. ಕಾಲಿಗೆ ಬಿದಿರು ಪಟ್ಟಿ ಕಟ್ಟಿಸಿಕೊಂಡು ಅವರು ಜಗಲಿಯ ಮಂಚ ಹಿಡಿದರು. ನಾನು ಮತ್ತೆ ಬಾಗಿಲ ಹಿಂದಕ್ಕೆ ಹೋದೆ. ಅತ್ತೆಯ ಮೂಲಕವೇ ಮಾತು. ಬಾವಿಯಲ್ಲಿ ಆದದ್ದನ್ನು ಯಾರೂ ಎತ್ತಲಿಲ್ಲ. ಎತ್ತದಿದ್ದದ್ದೇ ನನಗೆ ದಿಗಿಲು. ಅಷ್ಟು ಜನರ ಎದುರು ಮಾವನ ಮೇಲೆ ದೂರು ಹೇಳಿದ ಸೊಸೆ ನಾನು. ಏಳಲು ಆಗಲಿ, ಆಮೇಲೆ ಇದೆ ನನಗೆ, ಅಂದುಕೊಂಡು ದಿನ ಕಳೆಯುತ್ತಿದ್ದೆ.

ಮಳೆಗಾಲ ಹಿಡಿದ ಮೇಲೆ ಒಂದು ಮಧ್ಯಾಹ್ನ ಗಂಡಸರ ಊಟ ಮುಗಿದಿತ್ತು. ಅತ್ತೆಗೆ ಬಡಿಸಿ, ಆಮೇಲೆ ನನ್ನದು ಅಂತ ನಾನು ಒಲೆ ಮುಂದೆ ಕೂತಿದ್ದೆ. ಜಗಲಿಯಿಂದ ಮಾವನ ದನಿ ಬಂತು.

"ಏನೇ, ಆ ಪುಸ್ತಕ ತಗೊಂಡು ಬರಕ್ಕೆ ಹೇಳು ಅವ್ಳಿಗೆ."

ಒಲೆಗೆ ಹಾಕಿಸುತ್ತಾರೆ ಅಂತಲೇ ತಿಳಿದೆ. ತಂದು ಹೊಸಿಲ ಒಳಗೆ ನಿಂತೆ.

"ಅವತ್ತು ಪೂರ್ತಿ ಹೇಳ್ಲಿಲ್ಲ ನೀನು. ಓದು. ಇದ್ದಂಗೆ ಓದು, ಸೇರಿಸ್ಬೇಡ."

ಗೋಡೆಗಲ್ಲ, ಅತ್ತೆಗಲ್ಲ, ನನಗೇ ಹೇಳಿದ್ದು. ಹೊಸಿಲ ಮೇಲೆ ಕೂತು ಓದಿದೆ. ಹೆಣ್ಣುಮಕ್ಕಳೂ ಇಲ್ಲ, ಗದ್ದೆಯೂ ಇಲ್ಲ, ಬರೆದಿದ್ದಂತೆಯೇ. ಕೆಳಗಿನವನು ಉತ್ತರ ಕೊಡದ ಜಾಗ ಬಂದಾಗ ನಿಲ್ಲಿಸಿ ಮತ್ತೆ ಓದಿದೆ. ಹಡಗು ಹೊರಟಿತು. ರೇಡಿಯೋದವನು ಮಾತಾಡುತ್ತಲೇ ಹೋದ. ಮುಗಿಯಿತು.

ಮಾವ ಸೂರಿನ ನೀರು ನೋಡುತ್ತಾ ಇದ್ದರು. ಸತ್ತವನ ಬಗ್ಗೆ ಏನಾದರೂ ಅನ್ನುತ್ತಾರೆ ಅಂತ ನಾನು ಕಾದೆ.

"ಆ ಮೇಲಿದ್ನಲ್ಲ, ಮಾತಾಡ್ತಿದ್ದೋನು. ಊರಿಗೆ ಹೋದ್ಮೇಲೆ ಅವ್ನು ಏನಾದ?"

"ಅದು ಬರೆದಿಲ್ಲ ಮಾವ."

"ಅವ್ನಿಗೆ ಯಾರಾದ್ರೂ ಏನಾದ್ರೂ ಕೇಳಿದ್ರಾ?"

"ಅದೂ ಬರೆದಿಲ್ಲ."

"ಬರೀಬೇಕಾಗಿತ್ತು" ಅಂದರು. ಒಳಗಿನ ಕಡೆ ತಿರುಗಿ, "ಏನೇ, ಈ ಕೂಸಿಗೆ ಮೊದ್ಲು ಊಟಕ್ಕೆ ಹಾಕು. ನೀನು ಆಮೇಲೆ ಉಣ್ಣು" ಅಂದರು.

ಅತ್ತೆ ಮಣೆ ಹಾಕಿ, ಮುದ್ದೆ ಇಟ್ಟು, ಸೊಪ್ಪಿನ ಸಾರು ಬಿಟ್ಟರು. ಆ ಮನೆಗೆ ಬಂದ ಮೇಲೆ ನನಗೆ ಇನ್ನೊಬ್ಬರು ಬಡಿಸಿದ್ದು ಅದೇ ಮೊದಲು. ಒಂದು ತುತ್ತು ಮುರಿದೆ. ಬಾವಿಯ ಮೇಲೆ ಮಲಗಿದ್ದ ದಿನ ಒಂದು ಹನಿಯೂ ಬಾರದಿದ್ದ ಅಳು ಆ ಮುದ್ದೆಯ ಮುಂದೆ ಬಂತು. ಅತ್ತೆ ನನ್ನ ಎದುರಿಗೇ ಕೂತರು. ನಾನು ಅತ್ತು ಮುಗಿಸುವವರೆಗೆ ಕೂತಿದ್ದು, ಎದ್ದುಹೋಗಿ ಸಾರು ಮತ್ತೆ ಬಿಸಿ ಮಾಡಿಕೊಂಡು ಬಂದರು.